ಕೆಂಪು ಗೆರೆ ನಿಂತ ಜಾಗ

ಮಧ್ಯಾಹ್ನ ಮೂರಕ್ಕೆ ಬಂದ ಅಮ್ಮಾಜಮ್ಮ ಕಾಲು ಗಂಟೆಯಲ್ಲಿ ಪಾತ್ರೆ ಮುಗಿಸಿ, ಸೆರಗಿಗೆ ಕೈ ಒರೆಸಿಕೊಂಡು, ಟಿವಿಯ ಮುಂದೆ ಚಾಪೆ ಹಾಸುತ್ತಿದ್ದಳು. ನಾನು ಎರಡು ಲೋಟ ಟೀ ತಂದು ಪಕ್ಕದ ಕುರ್ಚಿಯಲ್ಲಿ ಕೂರುತ್ತಿದ್ದೆ. ನಾಲ್ಕೂಕಾಲಿಗೆ ಅವಳು ಉರಿಗಾಂ ಸ್ಟೇಷನ್ನಿನಲ್ಲಿ ಗಾಡಿ ಹಿಡಿದು ಬಂಗಾರಪೇಟೆಗೆ ಹೋಗಿ, ಅಲ್ಲಿಂದ ಎರಡು ಮೈಲಿ ತನ್ನ ಹಳ್ಳಿಗೆ ನಡೆಯಬೇಕಿತ್ತು. ಅಷ್ಟರೊಳಗಿನ ಮುಕ್ಕಾಲು ಗಂಟೆ ನಮ್ಮಿಬ್ಬರದು.

ನಾವು ನೋಡುತ್ತಿದ್ದದ್ದು ಪೋಲೆಂಡ್ ದೇಶದ ಒಂದು ಹಳೆಯ ಪೊಲೀಸ್ ಧಾರಾವಾಹಿ. ಅಲ್ಲಿ ಕಮ್ಯುನಿಸ್ಟರ ಆಡಳಿತವಿದ್ದಾಗ ತೆಗೆದದ್ದು. ಮಾಸಿದ ಬಣ್ಣ, ಒಂದೇ ಥರದ ಎತ್ತರದ ಕಟ್ಟಡಗಳು, ಡಬ್ಬಿಯಂಥ ಸಣ್ಣ ಕಾರು, ಮಾಂಸದಂಗಡಿಯ ಮುಂದೆ ಕೈಚೀಲ ಹಿಡಿದು ನಿಂತ ಹೆಂಗಸರ ಸಾಲು, ಎಲ್ಲರ ಬಾಯಲ್ಲೂ ಸಿಗರೇಟು. ಒಬ್ಬ ಪೊಲೀಸ್ ಲೆಫ್ಟಿನೆಂಟ್ ಕಂತಿಗೊಂದು ಅಪರಾಧ ಪತ್ತೆ ಮಾಡುತ್ತಾನೆ. ನನ್ನ ಗಂಡ ವೇಣುಗೋಪಾಲರನ್ನು ಇಲ್ಲಿನ ಕಾರ್ಖಾನೆಯವರು ಇಪ್ಪತ್ಮೂರು ವರ್ಷದ ಹಿಂದೆ ತರಬೇತಿಗೆಂದು ಪೋಲೆಂಡಿಗೆ ಕಳಿಸಿದ್ದರು. ಒಂದು ವರ್ಷ ನಾನೂ ಜೊತೆಗಿದ್ದೆ. ನಮ್ಮ ಮನೆಯೊಡತಿ ಹಲೀನಾ ಎಂಬ ಮುದುಕಿ, ಮರುಪ್ರಸಾರವಾಗುತ್ತಿದ್ದ ಈ ಧಾರಾವಾಹಿಯ ಮುಂದೆ ನನ್ನನ್ನು ಕೂರಿಸಿಕೊಂಡೇ ಅವರ ಭಾಷೆ ಕಲಿಸಿದಳು. ಅಂಗಡಿಯಲ್ಲಿ ಹಾಲು ಕೇಳುವುದಕ್ಕೆ ಮೊದಲೇ ನನಗೆ ‘ಆ ಹೊತ್ತಿನಲ್ಲಿ ನೀವು ಎಲ್ಲಿದ್ದಿರಿ’ ಎಂದು ಕೇಳಲು ಬರುತ್ತಿತ್ತು.

ಅದು ಮೊದಲ ಸಲ ಪ್ರಸಾರವಾದಾಗ ಬೀದಿಗಳೆಲ್ಲ ಖಾಲಿಯಾಗುತ್ತಿದ್ದವಂತೆ, ಕಳ್ಳರೂ ಮನೆಯಲ್ಲಿ ಕೂತು ನೋಡುತ್ತಿದ್ದರಂತೆ. ಆ ಒಂದು ಗಂಟೆ ಎಲ್ಲಿದ್ದೆ ಎಂದು ಯಾರನ್ನೂ ಕೇಳುವಂತಿರಲಿಲ್ಲ, ದೇಶಕ್ಕೆ ದೇಶವೇ ಒಬ್ಬರಿಗೊಬ್ಬರು ಸಾಕ್ಷಿ ಎಂದು ಹಲೀನಾ ನಗುತ್ತಿದ್ದಳು. ನಾನು ಅದನ್ನು ಕನ್ನಡದಲ್ಲಿ ಹೇಳಿದಾಗ ವೇಣುಗೋಪಾಲರೂ ನಕ್ಕಿದ್ದರು. ಅವರಿಗೆ ಅದು ಇಷ್ಟು ವರ್ಷ ನೆನಪಿತ್ತೆಂದು ನನಗೆ ಗೊತ್ತಿರಲಿಲ್ಲ.

ಮೊಬೈಲಿನಲ್ಲೂ ಟಿವಿಯಲ್ಲೂ ಜಗತ್ತಿನದೆಲ್ಲ ಸಿಗುವಂತಾದ ಮೇಲೆ ಒಂದು ದಿನ ಹುಡುಕಿದೆ, ಸಿಕ್ಕಿತು. ಒಬ್ಬಳೇ ನೋಡುತ್ತಿದ್ದಾಗ ಕಸ ಗುಡಿಸುತ್ತಿದ್ದ ಅಮ್ಮಾಜಮ್ಮ ಪೊರಕೆ ಹಿಡಿದೇ ನಿಂತಳು. ಆ ಸಾಲು ನ್ಯಾಯಬೆಲೆ ಅಂಗಡಿಯದಾ ಎಂದು ಕೇಳಿದಳು. ಹೌದೆಂದೆ. ಅವತ್ತಿನಿಂದ ನಾನು ಮಾತುಗಳನ್ನು ಕನ್ನಡದಲ್ಲಿ ಹೇಳುತ್ತಾ ಹೋಗುವುದು, ಅವಳು ಕೇಳುವುದು.

ಪೋಲೆಂಡಿನಲ್ಲಿ ಪರದೇಶದ ಚಿತ್ರಗಳನ್ನು ಟಿವಿಯಲ್ಲಿ ತೋರಿಸುವಾಗ ಒಬ್ಬನೇ ಗಂಡಸು ಎಲ್ಲರ ಮಾತನ್ನೂ ಓದುತ್ತಾನೆ. ಗಂಡಸಿನದು, ಹೆಂಗಸಿನದು, ಮಗುವಿನದು, ಎಲ್ಲ ಒಂದೇ ದನಿಯಲ್ಲಿ, ಏರಿಳಿತವಿಲ್ಲದೆ. ನಾನೂ ಹಾಗೇ ಹೇಳುತ್ತಿದ್ದೆ. ಅಮ್ಮಾಜಮ್ಮನಿಗೆ ಮೊದಲು ಅದು ಹಿಡಿಸಲಿಲ್ಲ.

“ಕೊಲೆ ಬಿದ್ರೂ ರೇಶನ್ ಕಾರ್ಡ್ ಓದ್ದಂಗೆ ಓದ್ತೀರಲ್ಲಕ್ಕಾ.”

ಆಮೇಲೆ ಅಭ್ಯಾಸವಾಯಿತು. ಅವಳ ಟೀಕೆ ಮಾತ್ರ ನಿಲ್ಲಲಿಲ್ಲ. ಲೆಫ್ಟಿನೆಂಟ್ ಯಾರನ್ನಾದರೂ ಅರ್ಧ ಗಂಟೆ ಮರ್ಯಾದೆಯಿಂದ ವಿಚಾರಿಸಿದರೆ ಅವಳಿಗೆ ತಡೆಯುತ್ತಿರಲಿಲ್ಲ.

“ನಮ್ ಬಂಗಾರ್‌ಪೇಟೆ ಪೊಲೀಸಪ್ಪನ್ನ ಕಳ್ಸಕ್ಕಾ ಅಲ್ಗೆ. ಎಲ್ಡು ಬಿಟ್ರೆ ಟೀ ಆರೋದ್ರೊಳ್ಗೆ ಮುಗ್ದೋಗ್ತದೆ.”

ಒಂದೇ ದನಿ ನನಗೆ ಕಷ್ಟವಾಗಿರಲಿಲ್ಲ. ಪೋಲೆಂಡಿನಲ್ಲಿದ್ದಾಗ ವೇಣುಗೋಪಾಲರಿಗಿಂತ ನನಗೇ ಭಾಷೆ ಚೆನ್ನಾಗಿ ಬರುತ್ತಿತ್ತು. ಅಂಗಡಿಯಲ್ಲಿ, ಆಸ್ಪತ್ರೆಯಲ್ಲಿ, ಬಸ್ಸಿನಲ್ಲಿ ಇವರು ಕನ್ನಡದಲ್ಲಿ ಹೇಳುತ್ತಿದ್ದರು, ನಾನು ಅವರ ಭಾಷೆಯಲ್ಲಿ ಹೇಳುತ್ತಿದ್ದೆ. ಒಮ್ಮೆ ಡಾಕ್ಟರು ನನ್ನ ಹೊಟ್ಟೆನೋವಿನ ಬಗ್ಗೆ ಕೇಳಿದಾಗಲೂ ಇವರು ‘ಅಂಥಾದ್ದೇನಿಲ್ಲ ಅನ್ನು’ ಎಂದರು. ನಾನು ಅಂಥಾದ್ದೇನಿಲ್ಲ ಎಂದೆ. ಊರಿಗೆ ಬಂದ ಮೇಲೆ ಭಾಷೆ ಬೇರೆಯಾಯಿತು, ಅಭ್ಯಾಸ ಉಳಿಯಿತು. ಇವರು ಎಂದೂ ಕೈ ಎತ್ತಿದವರಲ್ಲ, ದನಿ ಎತ್ತಿದವರೂ ಅಲ್ಲ. ಅತ್ತೆಗೆ, ಅಕ್ಕಪಕ್ಕದವರಿಗೆ, ಮಗಳು ಶ್ವೇತಾಗೆ ನಾನು ಏನು ಹೇಳಬೇಕೆಂದು ಮೆಲ್ಲಗೆ ಹೇಳಿಕೊಡುತ್ತಿದ್ದರು. ನಾನು ಹೇಳುತ್ತಿದ್ದೆ.

ಅಮ್ಮಾಜಮ್ಮನಿಗೂ ನನಗೂ ಒಂದು ಕರಾರಿತ್ತು. ಗಾಡಿಯ ಹೊತ್ತಾದರೆ ಕತೆ ಎಲ್ಲಿದ್ದರೆ ಅಲ್ಲಿಗೇ ನಿಲ್ಲಿಸುವುದು, ಮಾರನೆಯ ದಿನ ಅಲ್ಲಿಂದಲೇ ಮುಂದುವರಿಸುವುದು, ಅವಳಿಲ್ಲದೆ ನಾನು ಮುಂದೆ ನೋಡಬಾರದು. ಅವಳಿಗೆ ಓದು ಬರದು. ಆದರೆ ಟಿವಿಯಲ್ಲಿ ಪ್ರತಿ ಕಂತಿನ ಚಿತ್ರದ ಕೆಳಗೆ ಒಂದು ಕೆಂಪು ಗೆರೆ ಬರುತ್ತದೆ, ಎಷ್ಟು ನೋಡಿದ್ದೇವೆಯೋ ಅಷ್ಟುದ್ದ. ಅದನ್ನು ಅವಳು ಯಾರೂ ಹೇಳಿಕೊಡದೆ ಕಂಡುಕೊಂಡಿದ್ದಳು. ಬಂದ ಕೂಡಲೇ ರಿಮೋಟು ತೆಗೆದುಕೊಂಡು ಗೆರೆ ಎಲ್ಲಿದೆ ಎಂದು ನೋಡಿ, ನನ್ನ ಕಡೆ ತಿರುಗಿ, “ಕದ್ದಿಲ್ಲ ಬುಡಿ” ಅನ್ನುತ್ತಿದ್ದಳು.

ಆ ಮಂಗಳವಾರ ನಾವು ಹೊಸ ಕಂತು ಶುರು ಮಾಡಿದೆವು. ಟ್ರಾಮ್ ಡಿಪೋದ ಗುಮಾಸ್ತನೊಬ್ಬನ ಕತೆ. ಡಿಪೋದ ಕಾವಲುಗಾರನನ್ನು ಯಾರೋ ಹೊಡೆದು ಹಾಕಿ ಹೋಗಿದ್ದಾರೆ. ಲೆಫ್ಟಿನೆಂಟ್ ಗುಮಾಸ್ತನ ಮನೆಗೆ ಬಂದು ಅವನ ಹೆಂಡತಿಯನ್ನು ಕೇಳುತ್ತಾನೆ, ಆ ಸಂಜೆ ನಿಮ್ಮ ಗಂಡ ಎಲ್ಲಿದ್ದರು ಎಂದು. ಅವಳು ಆಲೂಗಡ್ಡೆ ಸಿಪ್ಪೆ ತೆಗೆಯುತ್ತಿದ್ದವಳು ಚಾಕು ಕೆಳಗಿಡುತ್ತಾಳೆ. ಪೊಲೀಸ್ ಕತೆಗಳಲ್ಲಿ ಮೂರರಲ್ಲಿ ಒಂದು ಕಡೆಯಾದರೂ ಇಂಥ ಹೆಂಡತಿ ಇರುತ್ತಾಳೆ. ಆಗಲೇ ನಾಲ್ಕು ಹೊಡೆಯಿತು. ಅಮ್ಮಾಜಮ್ಮ ಚಪ್ಪಲಿ ಮೆಟ್ಟುತ್ತಾ, ಇವಳು ಸುಳ್ಳು ಹೇಳ್ತಾಳೆ, ಮುಖ ನೋಡಿದರೇ ಗೊತ್ತಾಗುತ್ತೆ ಎಂದು ಹೇಳಿ ಓಡಿದಳು. ಗೆರೆ ಸುಮಾರು ಅರ್ಧಕ್ಕೆ ನಿಂತಿತು.

ಅವತ್ತು ಸಂಜೆ ಏಳೂವರೆಗೆ ವೇಣುಗೋಪಾಲ್ ಬಂದರು. ಕಾರನ್ನು ತಗಡಿನ ಶೆಡ್ಡಿಗೆ ಬಿಟ್ಟು, ಬೀಗ ಹಾಕಿ, ಒಳಗೆ ಬಂದು ಬೂಟು ಬಿಚ್ಚದೆ ಕೂತರು. ಬಂಗಾರಪೇಟೆಯಲ್ಲಿ ಸಹೋದ್ಯೋಗಿ ಕಾಂತರಾಜ್ ಮನೆಯಲ್ಲಿ ಊಟವಿತ್ತು. ಉಸಿರಿನಲ್ಲಿ ಕುಡಿತದ ವಾಸನೆ ಇತ್ತು. ಏನೋ ತಾಗಿತು ಎಂದರು. ಸ್ವಲ್ಪ ಹೊತ್ತಾದ ಮೇಲೆ, ಸೈಕಲ್ ಎಂದರು. ನಿಲ್ಲಿಸಿದಿರಾ ಎಂದು ಕೇಳಿದೆ. ಇವರು ಬಗ್ಗಿ ಬೂಟಿನ ದಾರ ಬಿಚ್ಚತೊಡಗಿದರು. ನಾನು ಟಾರ್ಚು ತೆಗೆದುಕೊಂಡು ಶೆಡ್ಡಿಗೆ ಹೋಗಿ ನೋಡಿದೆ. ಎಡಗಡೆಯ ದೀಪ ಒಡೆದಿತ್ತು. ಬಂಪರಿನ ಮೂಲೆಯಲ್ಲಿ ಹಸಿರು ಬಣ್ಣದ ಗೀರು.

ಬುಧವಾರ ಅಮ್ಮಾಜಮ್ಮ ತಡವಾಗಿ ಬಂದಳು. ಅಭ್ಯಾಸಬಲದಿಂದ ಟಿವಿ ಹಾಕಿದಳು, ಗೆರೆ ನೋಡಿದಳು, ಆದರೆ ಚಾಪೆ ಹಾಸಲಿಲ್ಲ.

“ಇವತ್ತು ಬ್ಯಾಡಕ್ಕಾ, ಮನ್ಸಿಲ್ಲ. ನಮ್ಮೂರ್ ಚಿಕ್ಕಮುನಿಯಪ್ಪನ್ನ ನಿನ್ನೆ ಕತ್ಲಾಗೋ ಹೊತ್ಗೆ ಯಾವ್ದೋ ಕಾರು ಗುದ್ಬುಟ್ಟು ಓಯ್ತು. ಸೈಕಲ್ ಒಂದ್ಕಡೆ, ಅವ್ನೊಂದ್ಕಡೆ. ಮುಕ್ಕಾಲ್ ಗಂಟೆ ರೋಡ್ನಾಗೇ ಬಿದ್ದಿದ್ನಂತೆ.”

ಕಾಲಿನ ಮೂಳೆ ಎರಡು ಕಡೆ ಮುರಿದಿದೆ, ಕೋಲಾರದ ದೊಡ್ಡಾಸ್ಪತ್ರೆಗೆ ಸೇರಿಸಿದ್ದಾರೆ, ಕಾಲು ಉಳಿಯುತ್ತದೋ ಇಲ್ಲವೋ ಗೊತ್ತಿಲ್ಲ ಎಂದಳು. ಕಟ್ಟಡದ ಕೆಲಸಕ್ಕೆ ಹೋಗುವವನು. ಗಾಡಿ ಯಾವುದೆಂದು ತಿಳಿಯದಿದ್ದರೆ ಯಾರನ್ನು ಕೇಳುವುದು ಎಂದಳು. ಸೈಕಲ್ ಯಾವ ಬಣ್ಣ ಎಂಬ ಮಾತು ನನ್ನ ನಾಲಿಗೆಯ ತುದಿಗೆ ಬಂದು ನಿಂತಿತು. ಕೇಳಲಿಲ್ಲ. ಅವಳು ನಾನು ಕೊಟ್ಟ ಟೀ ಕುಡಿದು, ನನ್ನ ಲೋಟವನ್ನೂ ತೊಳೆದಿಟ್ಟು ಹೋದಳು.

ಅವತ್ತೇ ಸಂಜೆ ಆರಕ್ಕೆ ಹೆಡ್ ಕಾನ್‌ಸ್ಟೆಬಲ್ ಮುನೀಂದ್ರ ಬಂದರು. ಬಂಗಾರಪೇಟೆ ರಸ್ತೆಯ ಪೆಟ್ರೋಲ್ ಬಂಕಿನ ಕ್ಯಾಮರಾದಲ್ಲಿ ಬೆಳ್ಳಿ ಬಣ್ಣದ ಕಾರು ಕಂಡಿದೆ, ನಂಬರು ಕಾಣಿಸಿಲ್ಲ, ಅಂಥ ಕಾರಿರುವವರನ್ನೆಲ್ಲ ಕೇಳುತ್ತಿದ್ದೇವೆ ಎಂದು ಸಂಕೋಚದಿಂದಲೇ ಹೇಳಿದರು. ಬಾಗಿಲಲ್ಲೇ ನಿಂತಿದ್ದರು. ವೇಣುಗೋಪಾಲ್ ಅವರನ್ನು ಕೂರಿಸಿ, ಕಾರಿನ ಬ್ಯಾಟರಿ ಸತ್ತು ವಾರವಾಯಿತು, ಶೆಡ್ಡಿನ ಬೀಗದ ಕೈ ಮೆಕ್ಯಾನಿಕ್ ಹತ್ತಿರ ಇದೆ ಎಂದರು. ಆಮೇಲೆ ನನ್ನ ಕಡೆ ತಿರುಗಿದರು.

“ಮಂಗಳವಾರ ಆರರಿಂದ ನಾವಿಬ್ಬರೂ ಮನೆಯಲ್ಲೇ. ಪೋಲೆಂಡಿನದೊಂದು ಸೀರಿಯಲ್ ಇದೆ, ನಾವು ಅಲ್ಲಿದ್ದಾಗಿನದು. ಅದನ್ನ ನೋಡ್ತಾ ಕೂತಿದ್ವಿ. ಅಲ್ವಾ?”

ನಾನು ತಲೆಯಾಡಿಸಿದೆ. ಆಡಿಸಿದ್ದು ನನಗೆ ಗೊತ್ತಾದದ್ದು ಆಡಿಸಿದ ಮೇಲೆ.

ಮುನೀಂದ್ರ ಎದ್ದರು. ಶುಕ್ರವಾರ ಮಧ್ಯಾಹ್ನ ಬಂದು ಕಾರು ನೋಡಿ, ಇಬ್ಬರ ಹೇಳಿಕೆ ಬರೆದುಕೊಂಡು ಹೋಗುತ್ತೇವೆ, ಹೆಂಗಸರನ್ನು ಸ್ಟೇಷನ್ನಿಗೆ ಕರೆಸುವ ಹಾಗಿಲ್ಲ, ಮಹಿಳಾ ಕಾನ್‌ಸ್ಟೆಬಲ್‌ರನ್ನೂ ಕರೆತರುತ್ತೇನೆ ಎಂದು ಹೇಳಿ ಹೋದರು. ಇವರು ಬಾಗಿಲು ಹಾಕಿಕೊಂಡು ಬಂದು, ಕಾರಿನ ದೀಪವನ್ನು ಶುಕ್ರವಾರದೊಳಗೆ ಕಾಂತರಾಜ್ ಕಡೆಯ ಮೆಕ್ಯಾನಿಕ್ ಬದಲಾಯಿಸುತ್ತಾನೆ ಎಂದರು. ಮಾರ್ಚಿಗೆ ನಿವೃತ್ತಿ, ಈಗ ಕೇಸಾದರೆ ಮೂವತ್ತನಾಲ್ಕು ವರ್ಷದ ಸರ್ವೀಸು ಮಣ್ಣುಪಾಲು ಎಂದರು. ದನಿಯಲ್ಲಿ ಭಯವಿತ್ತು. ಅದು ಸುಳ್ಳಾಗಿರಲಿಲ್ಲ.

“ನೀನು ಹೇಳಬೇಕಾದ್ದು ಒಂದೇ ವಾಕ್ಯ, ಭಾರ್ಗವಿ.”

ಆ ವಾಕ್ಯವನ್ನು ಇಟ್ಟುಕೊಂಡು ನಾನು ಮನೆಯಲ್ಲೆಲ್ಲ ಓಡಾಡಿದೆ. ನಮ್ಮದು ಗಣಿ ನಡೆಯುತ್ತಿದ್ದ ಕಾಲದ ಮನೆ, ಕಿಟಕಿಗಳು ಎತ್ತರ, ಹೊರಗೆ ನೋಡಬೇಕಾದರೆ ಹಿಮ್ಮಡಿ ಎತ್ತಬೇಕು. ಆಚೆ, ಚಿನ್ನ ತೆಗೆದ ಮೇಲೆ ಸುರಿದ ಸೈನೈಡ್ ದಿಬ್ಬದ ಬೂದು ಮಣ್ಣು ಗಾಳಿಗೆ ಏಳುತ್ತಿತ್ತು. ತವರಿನಲ್ಲಿ ಈಗ ಯಾರೂ ಇಲ್ಲ. ಶ್ವೇತಾಗೆ ಫೋನ್ ಮಾಡಿದರೆ ಅವಳು ಮೊದಲು ಅಪ್ಪನನ್ನು ಕೇಳುತ್ತಾಳೆ, ಅಪ್ಪ ಏನು ಹೇಳುತ್ತಾರೆಂದೂ ನನಗೆ ಗೊತ್ತು. ಹಲೀನಾಳ ಕಾಲದಲ್ಲಾದರೆ ದೇಶವೇ ಸಾಕ್ಷಿಯಿತ್ತು. ಈಗ ಯಾರು ಯಾವಾಗ ಬೇಕಾದರೂ ಏನು ಬೇಕಾದರೂ ನೋಡಬಹುದು. ಇವರಿಗೆ ಇದ್ದ ಸಾಕ್ಷಿ ನಾನೊಬ್ಬಳೇ. ನನಗೆ ಸಾಕ್ಷಿ ಯಾರೆಂದು ಯೋಚಿಸಿದೆ.

ಗುರುವಾರ ಅಮ್ಮಾಜಮ್ಮ ಬರಲಿಲ್ಲ, ಆಸ್ಪತ್ರೆಗೆ ಹೋಗಿದ್ದಳು. ಇವರು ರಜೆ ಹಾಕಿದ್ದರು. ತಿಂಡಿಯಾದ ಮೇಲೆ ತಾವೇ ಟಿವಿ ಹಾಕಿ, ಆ ಕಂತು ಹುಡುಕಿ, ನನ್ನನ್ನು ಕರೆದರು.

“ಪೂರ್ತಿ ನೋಡಿಬಿಡು. ಕತೆ ಏನು ಅಂತ ಕೇಳಿದ್ರೆ ತಡವರಿಸಬಾರದು.”

ಅಮ್ಮಾಜಮ್ಮ ಬರಲಿ, ಆಮೇಲೆ ನೋಡುತ್ತೇನೆ ಎಂದೆ. ಇವರಿಗೆ ಅರ್ಥವಾಗಲಿಲ್ಲ. ಕೆಲಸದವಳಿಗೂ ಇದಕ್ಕೂ ಏನು ಎಂದು ಕೇಳಿದರು. ಕೂತೆ. ಇವರು ಪಕ್ಕದಲ್ಲೇ ಕೂತು, ನನ್ನಿಂದ ಹೇಳಿಸಿಕೊಂಡು ನೋಡಿದರು. ನಾನು ಓದುವ ದನಿಯಲ್ಲೇ ಹೇಳಿದೆ.

ಗುಮಾಸ್ತನ ಹೆಂಡತಿ, ಆ ಸಂಜೆ ಗಂಡ ಮನೆಯಲ್ಲೇ ಇದ್ದ ಎನ್ನುತ್ತಾಳೆ. ಲೆಫ್ಟಿನೆಂಟಿಗೆ ಅದು ಸುಳ್ಳೆಂದು ಗೊತ್ತು. ಮೂರು ಸಲ ಬರುತ್ತಾನೆ, ಮೂರು ಸಲವೂ ಅವಳು ಅದನ್ನೇ ಹೇಳುತ್ತಾಳೆ. ಕೊನೆಗೆ ಅವನು ಟೋಪಿ ಹಾಕಿಕೊಂಡು ಮೆಟ್ಟಿಲಿಳಿದು ಹೋಗುತ್ತಾನೆ. ಅವಳು ಬಾಗಿಲು ಹಾಕಿ, ಚಿಲಕ ಹಾಕಿ, ಸರಪಳಿಯನ್ನೂ ಹಾಕುತ್ತಾಳೆ. ಒಳಗಿನಿಂದ ಗಂಡ ‘ಹೋದನಾ?’ ಎಂದು ಕೇಳುತ್ತಾನೆ. ಅವಳು ಬಾಗಿಲಿಗೆ ಮುಖ ಮಾಡಿಯೇ ನಿಂತಿರುತ್ತಾಳೆ. ಮುಗಿಯಿತು, ಹೆಸರುಗಳು ಬರತೊಡಗಿದವು.

“ನೋಡಿದ್ಯಾ, ಗಟ್ಟಿಯಾಗಿ ನಿಂತಳು” ಎಂದು ವೇಣುಗೋಪಾಲ್ ಎದ್ದರು.

ನಾನು ಪರದೆ ನೋಡಿದೆ. ಕೆಂಪು ಗೆರೆ ಈ ತುದಿಯಿಂದ ಆ ತುದಿಗೆ ಪೂರ್ತಿ ಹರಡಿತ್ತು.

ಶುಕ್ರವಾರ ಮೆಕ್ಯಾನಿಕ್ ಬರಲಿಲ್ಲ. ಆ ಮಾದರಿಯ ದೀಪ ಬೆಂಗಳೂರಿನಿಂದ ಬರಬೇಕಂತೆ, ಸೋಮವಾರವಾಗುತ್ತದಂತೆ. ಬೀಗದ ಕೈ ಇಟ್ಟುಕೊಂಡ ಮೆಕ್ಯಾನಿಕ್ ಊರಿಗೆ ಹೋಗಿದ್ದಾನೆ ಎಂದರಾಯಿತು, ನಿನ್ನ ಮಾತು ಒಂದು ಗಟ್ಟಿ ಇದ್ದರೆ ಅವರು ಕಾರಿಗೆ ಒತ್ತಾಯ ಮಾಡುವುದಿಲ್ಲ ಎಂದು ಇವರು ಬೆಳಗಿನಿಂದ ಎರಡು ಮೂರು ಸಲ ಹೇಳಿದರು.

ಮೂರಕ್ಕೆ ಅಮ್ಮಾಜಮ್ಮ ಬಂದಳು. ಚಿಕ್ಕಮುನಿಯಪ್ಪನ ಕಾಲಿಗೆ ರಾಡು ಹಾಕಿದ್ದಾರೆ, ಎಚ್ಚರವಿದೆ, ಸೈಕಲ್ ಎಲ್ಲಿ ಎಂದು ಅಳುತ್ತಾನೆ ಎಂದಳು. ಮನೆಯಲ್ಲಿ ಇವರಿದ್ದದ್ದು ನೋಡಿ ದನಿ ತಗ್ಗಿಸಿದಳು. ಪಾತ್ರೆ ಮುಗಿಸಿ ಬಂದು, ನನ್ನ ಮುಖ ನೋಡಿ, ಮನಸ್ಸು ಸ್ವಲ್ಪ ಬೇರೆ ಕಡೆ ಹೋಗಲಿ ಎಂದೋ ಏನೋ ರಿಮೋಟು ತೆಗೆದುಕೊಂಡಳು.

“ಒಬ್ರೇ ನೋಡ್ಬುಟ್ರಾ ಅಕ್ಕಾ?”

ನಾನು ಮಡಿಚಿಟ್ಟ ಚಾಪೆಯ ಕಡೆ ನೋಡಿದೆ.

“ಮೊನ್ನೆ ಬುಧ್ವಾರ ಅರ್ಧಕ್ಕೇ ಇತ್ತಲ್ಲ ಗೆರೆ. ನಾನೇ ನೋಡ್ದೆ.” ಒಂದು ಕ್ಷಣ ನಿಂತು, “ಓಗ್ಲಿ ಬುಡಿ” ಎಂದು ರಿಮೋಟನ್ನು ಟಿವಿಯ ಪಕ್ಕದಲ್ಲಿ ನೆಟ್ಟಗೆ ಇಟ್ಟಳು.

ಅಷ್ಟರಲ್ಲಿ ಮುನೀಂದ್ರ ಬಂದರು, ಜೊತೆಗೆ ಸುಮಿತಾ ಎಂಬ ಕಾನ್‌ಸ್ಟೆಬಲ್. ನನ್ನ ಮಗಳ ವಯಸ್ಸಿನ ಹುಡುಗಿ, ರಟ್ಟಿನ ಮೇಲೆ ಹಾಳೆ ಸಿಕ್ಕಿಸಿಕೊಂಡಿದ್ದಳು. ಅಮ್ಮಾಜಮ್ಮ ಅಡುಗೆಮನೆಯ ಬಾಗಿಲಿಗೆ ಸರಿದು ನಿಂತಳು. ಬೀಗದ ಕೈಯ ಮಾತು ಇವರು ಮುಗಿಸಿದರು. ಮುನೀಂದ್ರ ‘ಹೂಂ’ ಎಂದು ತಲೆ ಕೆರೆದುಕೊಂಡರು. ಮಂಗಳವಾರದ ಸಂಜೆಯ ಬಗ್ಗೆ ಕೇಳಿದರು. ವೇಣುಗೋಪಾಲ್ ನಿಧಾನವಾಗಿ, ಸ್ಪಷ್ಟವಾಗಿ ಹೇಳಿದರು: ಆರಕ್ಕೆ ಹಾಕಿದೆವು, ಟ್ರಾಮ್ ಡಿಪೋದ ಗುಮಾಸ್ತನ ಕತೆ, ಏಳೂಕಾಲರ ತನಕ ಪೂರ್ತಿ ನೋಡಿದೆವು, ಹೆಂಡತಿ ಬಾಗಿಲು ಹಾಕುವುದರೊಂದಿಗೆ ಮುಗಿಯುತ್ತದೆ.

ಅಮ್ಮಾಜಮ್ಮ ತಲೆಯೆತ್ತಿದಳು. ಮೊದಲು ಟಿವಿ ನೋಡಿದಳು, ಆಮೇಲೆ ನನ್ನನ್ನು. ಲೆಕ್ಕ ಹಾಕಲು ಅವಳಿಗೆ ಹೊತ್ತು ಹಿಡಿಯಲಿಲ್ಲ. ಅವಳ ಮುಖದಲ್ಲಿ ಮಂಗಳವಾರ, ಬುಧವಾರ ಒಂದರ ಪಕ್ಕ ಒಂದು ಬಂದು ಕೂತದ್ದು ನನಗೆ ಕಾಣಿಸಿತು. ಹೊರಗೆ ಶೆಡ್ಡಿನ ತಗಡು ಬಿಸಿಲಿಗೆ ಟಪ್ಪೆಂದಿತು.

ಮುನೀಂದ್ರ ಅವಳನ್ನು ಗುರುತಿಸಿದರು.

“ನೀನು ಆ ಚಿಕ್ಕಮುನಿಯಪ್ಪನ ಊರೋಳಲ್ವೇನಮ್ಮ? ಇಲ್ಲೇ ಕೆಲ್ಸಾನಾ? ಸಾಹೇಬ್ರು ಮಂಗಳವಾರ ಮನೇಲಿದ್ರಾ?”

ವೇಣುಗೋಪಾಲ್ ಅವಳ ಕಡೆ ನೋಡಲಿಲ್ಲ. ನೋಡುವ ಅಗತ್ಯವಿರಲಿಲ್ಲ. ಅವಳು ನಮ್ಮ ಬೀದಿಯಲ್ಲಿ ಐದು ಮನೆಯ ಕೆಲಸ ಮಾಡುತ್ತಾಳೆ, ಐದೂ ಕಾರ್ಖಾನೆಯವರವು.

“ನಾನು ಮೂರ್ಗೆ ಬಂದು ನಾಕ್ಕೆ ಓಗೋಳು ಸಾ” ಎಂದಳು ಅಮ್ಮಾಜಮ್ಮ. “ನಂಗೇನು ತಿಳೀತದೆ ಸಾ, ಓದು ಬರಾಕಿಲ್ಲ. ಇದ್ರೇನೋ.”

ಅವಳು ಅದನ್ನು ಹೇಳಿದ ದನಿ ನನ್ನದು. ಏರಿಲ್ಲದ, ಇಳಿವಿಲ್ಲದ, ಬೇರೆಯವರ ಮಾತನ್ನು ಓದುವ ದನಿ. ಚಿಕ್ಕಮುನಿಯಪ್ಪ ರಸ್ತೆಯಲ್ಲಿ ಬಿದ್ದಿದ್ದ ಮುಕ್ಕಾಲು ಗಂಟೆಯನ್ನು ನನಗೆ ಹೇಳಿದ ಬಾಯಿಯಲ್ಲೇ. ನನ್ನ ಬಾಯಿಗೆ ನಾನು ಒಗ್ಗಿಕೊಂಡಿದ್ದೆ. ಅವಳ ಬಾಯಿಯಲ್ಲಿ ಅದನ್ನು ಕೇಳಲಾಗಲಿಲ್ಲ.

ಸುಮಿತಾ ನನ್ನ ಕಡೆ ತಿರುಗಿ, ನೀವು ಹೇಳಿ ಮೇಡಂ, ಸಹಿ ಏನೂ ಬೇಡ, ಬರೆದುಕೊಂಡು ಓದಿ ಹೇಳುತ್ತೇವೆ, ಸರಿಯಿದ್ದರೆ ಸರಿ ಅಂದರೆ ಸಾಕು ಎಂದಳು.

“ಮಂಗಳವಾರ ಸಂಜೆ ನಾನು ಅದನ್ನು ನೋಡಿಲ್ಲ” ಎಂದೆ.

ಸುಮಿತಾಳ ಪೆನ್ನು ನಿಂತಿತು.

“ಮಧ್ಯಾಹ್ನ ಅಮ್ಮಾಜಮ್ಮನ ಜೊತೆ ಅರ್ಧ ನೋಡಿದ್ದೆ. ಉಳಿದದ್ದು ನಿನ್ನೆ ನೋಡಿದೆ, ಇವರು ನೋಡು ಅಂದದ್ದಕ್ಕೆ.”

“ಅವಳಿಗೆ ಬಿಪಿ ಇದೆ” ಎಂದರು ವೇಣುಗೋಪಾಲ್, ಬಹಳ ಮೃದುವಾಗಿ. “ಎರಡು ದಿನದಿಂದ ನಿದ್ದೆ ಇಲ್ಲ. ಭಾರ್ಗವಿ, ಸರಿಯಾಗಿ ನೆನಪು ಮಾಡ್ಕೋ.”

ಮುನೀಂದ್ರ ಇಬ್ಬರ ಮುಖವನ್ನೂ ನೋಡಿದರು. ಯಾರ ಮಾತನ್ನು ಬರೆಯಬೇಕೆಂದು ಅವರಿಗೇ ಗೊತ್ತಾಗದ ಹಾಗಿತ್ತು. ಇನ್ನೊಂದು ಕ್ಷಣ ಸುಮ್ಮನಿದ್ದರೆ ನನಗೆ ಬಿಪಿ ಇದೆ ಎಂಬುದೇ ನಿಜವಾಗಿಬಿಡುತ್ತಿತ್ತು. ನಾನು ಎದ್ದು, ದೇವರ ಗೂಡಿನ ಹಿಂದೆ ಇವರು ಇಟ್ಟಿದ್ದ ಶೆಡ್ಡಿನ ಬೀಗದ ಕೈ ತಂದು ಮೇಜಿನ ಮೇಲಿಟ್ಟೆ. ಎಡಗಡೆಯ ದೀಪ, ಹಸಿರು ಗೀರು, ಇವರು ಏಳೂವರೆಗೆ ಬಂದದ್ದು, ಸೈಕಲ್ ಎಂದದ್ದು, ಎಲ್ಲ ಹೇಳಿದೆ. ಬುಧವಾರ ನಾನು ತಲೆಯಾಡಿಸಿದ್ದನ್ನೂ ಹೇಳಿದೆ. ಹೇಳುವಾಗ ದನಿ ಏರಿತು, ನಡುವೆ ಒಡೆಯಿತು, ಒಂದೆರಡು ಕಡೆ ನಿಂತಿತು. ಅಂಥ ದನಿಯಲ್ಲಿ ಮಾತಾಡಿ ನನಗೆ ರೂಢಿಯಿರಲಿಲ್ಲ.

ಮುನೀಂದ್ರ ಶೆಡ್ಡಿಗೆ ಹೋದರು. ವೇಣುಗೋಪಾಲ್ ಹಿಂದೆಯೇ ಹೋದರು. ಸುಮಿತಾ ಬರೆದದ್ದನ್ನು ಓದಿದಳು. ಶಾಲೆಯಲ್ಲಿ ಪಾಠ ಒಪ್ಪಿಸುವ ಹುಡುಗಿಯ ಹಾಗೆ ಸಪ್ಪೆಯಾಗಿ, ಎಲ್ಲೂ ನಿಲ್ಲದೆ: ‘ನನ್ನ ಹೆಸರು ಭಾರ್ಗವಿ. ನಾನು ಆ ದಿನ ಸಂಜೆ ಮನೆಯಲ್ಲಿ ಒಬ್ಬಳೇ ಇದ್ದೆ.’ ಬೇರೊಬ್ಬರ ಬಾಯಲ್ಲಿ ನನ್ನ ಮಾತುಗಳು ಒಂದಾದ ಮೇಲೊಂದು ಬರುವುದನ್ನು ಕೇಳುತ್ತಾ ಕೂತೆ. ಸರಿಯಿದೆಯಾ ಎಂದು ಕೇಳಿದಳು. ಒಂದು ಕಡೆ ಹಸಿರು ಎಂಬುದನ್ನು ಬಿಟ್ಟಿದ್ದಳು, ಸೇರಿಸಲು ಹೇಳಿದೆ. ಸೇರಿಸಿದಳು. ಸರಿಯಿದೆ ಎಂದೆ.

ಅವರು ಹೋದಾಗ ನಾಲ್ಕೂಮುಕ್ಕಾಲು. ಅಮ್ಮಾಜಮ್ಮನ ಗಾಡಿ ಹೋಗಿಬಿಟ್ಟಿತ್ತು. ಮುಂದಿನದು ಆರರ ಮೇಲೆ. ಅವಳು ಅಡುಗೆಮನೆಯಲ್ಲಿ, ಒಮ್ಮೆ ತೊಳೆದಿಟ್ಟಿದ್ದ ಲೋಟಗಳನ್ನೇ ಮತ್ತೆ ತೊಳೆಯುತ್ತಿದ್ದಳು. ನನ್ನ ಹತ್ತಿರ ಬರಲಿಲ್ಲ. ನಾನೂ ಅವಳ ಮುಖ ನೋಡಲಿಲ್ಲ. ಗೊತ್ತಿದ್ದೂ ಬಾಯಿಬಿಡದೆ ನಾನು ಬುಧವಾರ ಕೊಟ್ಟ ಟೀಯನ್ನು ಅವಳು ಕುಡಿದಿದ್ದಳಲ್ಲ.

ವೇಣುಗೋಪಾಲ್ ಜಗುಲಿಯಲ್ಲಿ ನಿಂತು ಯಾರಿಗೋ ಫೋನ್ ಮಾಡುತ್ತಿದ್ದರು. ಮುಗಿಸಿ ಒಳಗೆ ಬಂದರು. ನನ್ನನ್ನು ದಾಟಿ ಹೋಗಿ ತಮ್ಮ ಕುರ್ಚಿಯಲ್ಲಿ ಕೂತರು. ಸೋಮವಾರ ವಕೀಲರನ್ನು ನೋಡಬೇಕು ಎಂದರು, ಯಾರಿಗೆ ಹೇಳುತ್ತಿದ್ದಾರೆಂದು ತಿಳಿಯದ ಹಾಗೆ. ಆಮೇಲೆ, ಎಂದಿನ ಮೆಲುದನಿಯಲ್ಲೇ, “ಬಾಗಿಲು ಹಾಕು” ಎಂದರು.

ಎದ್ದು ಬಾಗಿಲ ತನಕ ಹೋದೆ. ಚಿಲಕದ ಮೇಲೆ ಕೈಯಿಟ್ಟೆ.

“ಅಮ್ಮಾಜಮ್ಮ ಇನ್ನೂ ಹೋಗಿಲ್ಲ” ಎಂದೆ. ಆರರ ತನಕ ಅದು ತೆರೆದೇ ಇತ್ತು.